ಮೇಯೋ ಯಾವ ಊರಿನವನು?

ಆಫೀಸಿನಲ್ಲಿ ನನ್ನ ಪಕ್ಕದ ಸೀಟಿನ ಗೆಳೆಯನಿಗೆ ಒಂದು ದಿನ ಮೇಯೋ ಹಾಲ್ ಕೋರ್ಟಿನಲ್ಲಿ ಏನೋ ಕೆಲಸವಿತ್ತು. ಅವನಿಗೆ ದಾರಿ ಗೊತ್ತಿಲ್ಲ, ನನಗೂ ಅವತ್ತು ಮೀಟಿಂಗ್ ಇರಲಿಲ್ಲ. ಹಾಗಾಗಿ ಜೊತೆಗೆ ಹೋದೆ. ಎಂ.ಜಿ. ರಸ್ತೆಯ ಗಲಾಟೆಯ ನಡುವೆ ಆ ಹಳೇ ಎರಡಂತಸ್ತಿನ ಕಟ್ಟಡ, ಕರಿಕೋಟಿನ ವಕೀಲರು, ಫೈಲು ಹಿಡಿದು ಕಾಯುವ ಜನ. ಕಾಯುತ್ತಾ ನಿಂತಾಗ ಗೆಳೆಯ ಬೋರ್ಡು ನೋಡಿ ಕೇಳಿದ, "ಮೇಯೋ ಅಂದ್ರೆ ಸ್ಯಾಂಡ್‌ವಿಚ್‌ಗೆ ಹಚ್ಚೋದು ತಾನೆ?"

"ಅಲ್ಲ ಮಾರಾಯ, ಒಬ್ಬ ವೈಸ್‌ರಾಯ್. ಅಂಡಮಾನಿನಲ್ಲಿ ಕೊಲೆಯಾದ."

"ಹೌದಾ! ಯಾವ ಊರಿನವನು?"

ನಮ್ಮಲ್ಲಿ ಹೊಸಬರು ಯಾರು ಸಿಕ್ಕರೂ ಕೇಳುವ ಮೊದಲ ಪ್ರಶ್ನೆ ಇದೇ ಅಲ್ವಾ? ನಾನು "ಇಂಗ್ಲೆಂಡಿನವನು" ಅಂತ ಹೇಳೋಕೆ ಬಾಯಿ ತೆರೆದು ನಿಲ್ಲಿಸಿದೆ. ಅದು ತಪ್ಪು ಅಂತ ಗೊತ್ತಿತ್ತು. "ಐರ್ಲೆಂಡಿನವನು" ಅಂದರೆ ಐರ್ಲೆಂಡಿನ ಬಹಳಷ್ಟು ಜನ ಒಪ್ಪುತ್ತಿರಲಿಲ್ಲ. ಅಷ್ಟರಲ್ಲಿ ಗೆಳೆಯನ ಕೇಸಿನ ನಂಬರ್ ಕೂಗಿದರು. ಅವನು ಒಳಗೆ ಹೋದ, ಪ್ರಶ್ನೆ ನನ್ನ ಹತ್ತಿರ ಉಳಿಯಿತು. ಉತ್ತರ ಕೊಡೋಕೆ ಸ್ವಲ್ಪ ಟೈಮ್ ಬೇಕು. ಯಾಕೆಂದರೆ ಕತೆ ಶುರುವಾಗುವುದು ಎಂಟುನೂರು ವರ್ಷಗಳ ಹಿಂದೆ.

ಹನ್ನೆರಡನೇ ಶತಮಾನದ ಕೊನೆಯಲ್ಲಿ ಇಂಗ್ಲೆಂಡನ್ನು ಆಳುತ್ತಿದ್ದ ನಾರ್ಮನ್ನರು ಐರ್ಲೆಂಡಿಗೆ ನುಗ್ಗಿದರು. ಅವರ ಜೊತೆ ಬಂದವನು ವಿಲಿಯಂ ಡಿ ಬರ್ಗ್ ಎಂಬ ಸರದಾರ. ಅವನ ವಂಶದವರು ದ್ವೀಪದ ಪಶ್ಚಿಮ ಭಾಗವನ್ನು ಗೆದ್ದುಕೊಂಡು ಅಲ್ಲೇ ಬೇರೂರಿದರು. ನಾಲ್ಕಾರು ತಲೆಮಾರು ಕಳೆಯುವಷ್ಟರಲ್ಲಿ ಅವರ ಮಾತು ಐರಿಷ್, ಉಡುಪು ಐರಿಷ್, ಕಾನೂನು ಕಟ್ಟಳೆಯೂ ಐರಿಷ್. ಡಿ ಬರ್ಗ್ ಎಂಬ ಹೆಸರು ನಾಲಿಗೆಯ ಮೇಲೆ ಸವೆದು ಬರ್ಕ್ ಆಯಿತು. ಇವತ್ತು ಐರ್ಲೆಂಡಿನಲ್ಲಿ ಬರ್ಕ್ ಅನ್ನೋದು ತೀರಾ ಸಾಮಾನ್ಯ ಹೆಸರು. ಅಂಗಡಿಯವನು, ಮೇಷ್ಟ್ರು, ಬಸ್ ಡ್ರೈವರ್ ಯಾರು ಬೇಕಾದರೂ ಬರ್ಕ್ ಆಗಿರಬಹುದು.

ಆದರೆ ಹದಿನಾರು, ಹದಿನೇಳನೇ ಶತಮಾನಗಳಲ್ಲಿ ಇಂಗ್ಲೆಂಡ್ ಮತ್ತೊಮ್ಮೆ ಐರ್ಲೆಂಡನ್ನು ಗೆದ್ದಾಗ ಒಂದು ಗೆರೆ ಬಿತ್ತು. ಕ್ಯಾಥೊಲಿಕ್ಕರಾಗಿ ಉಳಿದವರ ಭೂಮಿ ಹೋಯಿತು. ಪ್ರಾಟೆಸ್ಟಂಟರಾಗಿ ದೊರೆಯ ಕಡೆ ನಿಂತವರಿಗೆ ಭೂಮಿ, ಪದವಿ, ಪಾರ್ಲಿಮೆಂಟಿನ ಸೀಟು ಎಲ್ಲ ದಕ್ಕಿತು. ಈ ಎರಡನೇ ಗುಂಪನ್ನೇ ಮುಂದೆ ಆಂಗ್ಲೋ ಐರಿಷ್ ಅಂತ ಕರೆದರು. ಇವರು ಹುಟ್ಟುವುದು ಐರ್ಲೆಂಡಿನಲ್ಲಿ, ನಿಷ್ಠೆ ಲಂಡನ್ನಿಗೆ, ಖರ್ಚು ನಡೆಯುವುದು ಐರಿಷ್ ಒಕ್ಕಲುಗಳು ಕಟ್ಟುವ ಗೇಣಿಯಿಂದ. ಬರ್ಕ್ ಮನೆತನದ ಒಂದು ಕವಲು ಈ ಕಡೆ ಬಂತು. 1785ರಲ್ಲಿ ಆ ಕವಲಿಗೆ 'ಅರ್ಲ್ ಆಫ್ ಮೇಯೋ' ಎಂಬ ಪದವಿ ಸಿಕ್ಕಿತು. ಮೇಯೋ ಅನ್ನೋದು ಐರ್ಲೆಂಡಿನ ಪಶ್ಚಿಮ ಕರಾವಳಿಯ ಒಂದು ಜಿಲ್ಲೆ. ಆದರೆ ಮನೆತನದ ಮನೆ ಇದ್ದದ್ದು ಡಬ್ಲಿನ್ನಿಗೆ ಹತ್ತಿರದ ಕಿಲ್ಡೇರ್ ಜಿಲ್ಲೆಯಲ್ಲಿ, ನೇಸ್ ಎಂಬ ಪಟ್ಟಣದ ಬಳಿ. ಮನೆಯ ಹೆಸರು ಪಾಮರ್ಸ್‌ಟೌನ್. ಈ ಹೆಸರು ನೆನಪಿಟ್ಟುಕೊಳ್ಳಿ, ಮತ್ತೆ ಬರುತ್ತೇವೆ.

ನಮ್ಮ ಕಥಾನಾಯಕ ರಿಚರ್ಡ್ ಸೌತ್‌ವೆಲ್ ಬರ್ಕ್ ಹುಟ್ಟಿದ್ದು 1822ರ ಫೆಬ್ರವರಿ 21ರಂದು, ಡಬ್ಲಿನ್ನಿನಲ್ಲಿ. ಬೆಳೆದದ್ದು ಮೀತ್ ಜಿಲ್ಲೆಯ ಹಳ್ಳಿಮನೆಯಲ್ಲಿ. ಕುದುರೆ, ಬೇಟೆನಾಯಿ, ಹಸು, ಹೊಲ ಇವುಗಳ ನಡುವಿನ ಬಾಲ್ಯ. ಓದಿದ್ದು ಡಬ್ಲಿನ್ನಿನ ಟ್ರಿನಿಟಿ ಕಾಲೇಜಿನಲ್ಲಿ. ಆಗಿನ ಸಾಹುಕಾರರ ಮಕ್ಕಳಂತೆ ದೇಶ ಸುತ್ತೋಕೆ ಹೊರಟವನು 1845ರಲ್ಲಿ ರಷ್ಯಾಕ್ಕೆ ಹೋಗಿ, ವಾಪಸ್ ಬಂದು ಸೇಂಟ್ ಪೀಟರ್ಸ್‌ಬರ್ಗ್ ಮತ್ತು ಮಾಸ್ಕೋ ಬಗ್ಗೆ ಒಂದು ಪ್ರವಾಸ ಕಥನ ಬರೆದ. ಈಗಿನ ಕಾಲದಲ್ಲಾಗಿದ್ದರೆ ಟ್ರಾವೆಲ್ ಬ್ಲಾಗರ್ ಆಗಿಬಿಡುತ್ತಿದ್ದನೇನೋ.

ಆದರೆ ಅದೇ 1845ರಲ್ಲಿ ಐರ್ಲೆಂಡಿನ ಆಲೂಗಡ್ಡೆ ಬೆಳೆಗೆ ರೋಗ ಬಿತ್ತು. ಬಡವರ ಪಾಲಿಗೆ ಅಲ್ಲಿ ಆಲೂಗಡ್ಡೆ ಅಂದರೆ ನಮ್ಮ ರಾಗಿ ಇದ್ದ ಹಾಗೆ, ಹೊಟ್ಟೆ ತುಂಬಿಸುವ ಒಂದೇ ದಾರಿ. ಮುಂದಿನ ಐದಾರು ವರ್ಷಗಳಲ್ಲಿ ಸುಮಾರು ಹತ್ತು ಲಕ್ಷ ಜನ ಹಸಿವು, ಜ್ವರದಿಂದ ಸತ್ತರು. ಇನ್ನೂ ಅಷ್ಟೇ ಜನ ಹಡಗು ಹತ್ತಿ ಊರು ಬಿಟ್ಟರು. 1841ರ ಜನಗಣತಿಯಲ್ಲಿ 80 ಲಕ್ಷ ದಾಟಿದ್ದ ಜನಸಂಖ್ಯೆ 1851ರ ಹೊತ್ತಿಗೆ ಸುಮಾರು 65 ಲಕ್ಷಕ್ಕೆ ಇಳಿಯಿತು. ಈ ಮನೆತನದ ಪದವಿಯಲ್ಲಿರುವ ಮೇಯೋ ಜಿಲ್ಲೆ ತೀರಾ ಹೆಚ್ಚು ಏಟು ತಿಂದ ಜಿಲ್ಲೆಗಳಲ್ಲಿ ಒಂದು. ಯುವಕ ರಿಚರ್ಡ್ ಕಿಲ್ಡೇರಿನಲ್ಲಿ ಪರಿಹಾರದ ಕೆಲಸಕ್ಕೆ ಇಳಿದ, ಓಡಾಡಿದ, ಒಳ್ಳೇ ಹೆಸರು ತಗೊಂಡ. ಇದರಲ್ಲಿ ಸುಳ್ಳಿಲ್ಲ. 1847ರಲ್ಲಿ, ಬರಗಾಲದ ಅತ್ಯಂತ ಕರಾಳ ವರ್ಷದಲ್ಲಿ, ಆ ಹೆಸರಿನ ಬಲದಿಂದ ಕಿಲ್ಡೇರಿನ ಪ್ರತಿನಿಧಿಯಾಗಿ ಲಂಡನ್ ಪಾರ್ಲಿಮೆಂಟಿಗೆ ಆಯ್ಕೆಯಾದ. ಆಗ ಅವನಿಗೆ 25 ವರ್ಷ.

ಮುಂದಿನ ವರ್ಷ ಮದುವೆ. ಹುಡುಗಿ ಬ್ಲಾಂಚ್ ವಿಂಡಮ್, ಮುಂದೆ ಲಾರ್ಡ್ ಲೆಕನ್‌ಫೀಲ್ಡ್ ಆದ ಇಂಗ್ಲಿಷ್ ಜಮೀನ್ದಾರನ ಮಗಳು. 1849ರಲ್ಲಿ ಅಪ್ಪನ ಮಕ್ಕಳಿಲ್ಲದ ದೊಡ್ಡಪ್ಪ ತೀರಿಕೊಂಡು ಅಪ್ಪ ಅರ್ಲ್ ಆದ. ರಿಚರ್ಡ್ 'ಲಾರ್ಡ್ ನೇಸ್' ಅನ್ನಿಸಿಕೊಂಡ.

ಆಮೇಲೆ ರಾಜಕೀಯದಲ್ಲಿ ಅವನದು ನಿಧಾನದ, ಗಟ್ಟಿ ಏರಿಕೆ. ಕನ್ಸರ್ವೇಟಿವ್ ಪಕ್ಷ ಅಧಿಕಾರಕ್ಕೆ ಬಂದಾಗಲೆಲ್ಲ, ಅಂದರೆ 1852, 1858 ಮತ್ತು 1866ರಲ್ಲಿ, ಮೂರು ಸಲವೂ ಅವನಿಗೆ ಸಿಕ್ಕಿದ್ದು ಒಂದೇ ಖಾತೆ: ಐರ್ಲೆಂಡಿನ ಚೀಫ್ ಸೆಕ್ರೆಟರಿ. ಹೆಸರು ಗುಮಾಸ್ತಗಿರಿ ಥರ ಕೇಳಿಸಿದರೂ ಐರ್ಲೆಂಡಿನ ಆಡಳಿತವನ್ನು ನಿಜವಾಗಿ ನಡೆಸುವವನು ಅವನೇ. ಮೊದಲ ಸಲ ಆ ಕುರ್ಚಿಯಲ್ಲಿ ಕೂತಾಗ ವಯಸ್ಸು ಮೂವತ್ತು. ಒಂದು ತಮಾಷೆ ಗಮನಿಸಿ. ಮೊದಲು ಕಿಲ್ಡೇರ್, ಆಮೇಲೆ ಕೋಲ್ರೇನ್ ಪ್ರತಿನಿಧಿಸುತ್ತಿದ್ದವನು 1857ರಿಂದ ಪಾರ್ಲಿಮೆಂಟಿಗೆ ಬರುತ್ತಿದ್ದದ್ದು ಉತ್ತರ ಇಂಗ್ಲೆಂಡಿನ ಕಾಕರ್‌ಮೌತ್ ಎಂಬ ಊರಿನಿಂದ. ಐರ್ಲೆಂಡನ್ನು ಆಳುವ ಐರಿಷ್ ಮನುಷ್ಯನಿಗೆ ವೋಟು ಹಾಕುತ್ತಿದ್ದವರು ಇಂಗ್ಲಿಷರು.

ಈಗ 1867ಕ್ಕೆ ಬನ್ನಿ. ಈ ಒಂದು ವರ್ಷದಲ್ಲಿ ನಡೆದ ನಾಲ್ಕು ಸಂಗತಿಗಳನ್ನು ಪಕ್ಕಪಕ್ಕದಲ್ಲಿ ಇಟ್ಟು ನೋಡಬೇಕು.

ಒಂದು: ಮಾರ್ಚಿಯಲ್ಲಿ ಫೀನಿಯನ್ನರು ಅಂತ ಕರೆಸಿಕೊಳ್ಳುತ್ತಿದ್ದ ಐರಿಷ್ ಕ್ರಾಂತಿಕಾರಿಗಳು ಬ್ರಿಟಿಷ್ ಆಳ್ವಿಕೆಯ ವಿರುದ್ಧ ದಂಗೆ ಎದ್ದರು. ಆಯುಧವಿಲ್ಲ, ತಯಾರಿಯಿಲ್ಲ, ಒಳಗೇ ಗುಪ್ತಚರರು. ದಂಗೆ ಬಹುಬೇಗ ಮುಗಿದುಹೋಯಿತು. ಹೇಬಿಯಸ್ ಕಾರ್ಪಸ್ ಹಿಂದಿನ ವರ್ಷವೇ ಅಮಾನತಾಗಿತ್ತು. ಅಂದರೆ ವಿಚಾರಣೆ ಇಲ್ಲದೆ ಯಾರನ್ನು ಬೇಕಾದರೂ ಒಳಗೆ ಹಾಕಬಹುದು. ಆ ಅಮಾನತನ್ನು ಮುಂದುವರಿಸಿ, ಜೈಲು ತುಂಬಿಸಿದ ಸರ್ಕಾರದ ಮುಂದಾಳು ಲಾರ್ಡ್ ನೇಸ್. ಬಂಧಿತರಲ್ಲಿ ಒಬ್ಬ ಥಾಮಸ್ ಫ್ರಾನ್ಸಿಸ್ ಬರ್ಕ್. ಹೌದು, ಅದೇ ಹೆಸರು. ಟಿಪ್ಪರರಿ ಜಿಲ್ಲೆಯಲ್ಲಿ ಹುಟ್ಟಿ, ಅಮೆರಿಕಕ್ಕೆ ಹೋಗಿ, ಅಲ್ಲಿನ ಅಂತರ್ಯುದ್ಧದಲ್ಲಿ ಕಾದಾಡಿ, ದಂಗೆಗಾಗಿ ವಾಪಸ್ ಬಂದವನು. ಅವನಿಗೆ ಗಲ್ಲು ಶಿಕ್ಷೆಯಾಯಿತು, ಒತ್ತಡ ಬಂದು ಕೊನೇ ಗಳಿಗೆಯಲ್ಲಿ ಜೀವಾವಧಿಗೆ ಇಳಿಯಿತು. ಜೈಲಿನ ಬಾಗಿಲಿನ ಒಳಗೊಬ್ಬ ಬರ್ಕ್, ಹೊರಗೊಬ್ಬ ಬರ್ಕ್.

ಎರಡು: ಏಪ್ರಿಲ್‌ನಲ್ಲಿ, ಸಾವಿರಾರು ಮೈಲಿ ದೂರದ ಪೇಶಾವರದಲ್ಲಿ, ಶೇರ್ ಅಲಿ ಎಂಬ ಆಫ್ರಿದಿ ಪಠಾಣನಿಗೆ ಮರಣದಂಡನೆ ವಿಧಿಸಲಾಯಿತು. ಬ್ರಿಟಿಷ್ ಅಧಿಕಾರಿಗಳ ಕೈಕೆಳಗೆ ನಿಷ್ಠೆಯಿಂದ ದುಡಿದಿದ್ದ ಆಳು ಅವನು. ಮನೆತನದ ಹಗೆಯಲ್ಲಿ ನೆಂಟನೊಬ್ಬನನ್ನು ಕೊಂದಿದ್ದ ಅನ್ನೋದು ಆರೋಪ. ಅವನ ಶಿಕ್ಷೆಯೂ ಇಳಿಯಿತು, ಜೀವಾವಧಿ ಕರಿನೀರು. ಅಂಡಮಾನಿಗೆ ಸಾಗಿಸಿದರು.

ಮೂರು: ಆಗಸ್ಟ್‌ನಲ್ಲಿ ಅಪ್ಪ ತೀರಿಕೊಂಡು ಲಾರ್ಡ್ ನೇಸ್ ಆರನೇ ಅರ್ಲ್ ಆಫ್ ಮೇಯೋ ಆದ.

ನಾಲ್ಕು: ಅಕ್ಟೋಬರ್‌ನಲ್ಲಿ ಹೂಗೊಮಾಂಟ್ ಎಂಬ ಹಡಗು 62 ಫೀನಿಯನ್ ಕೈದಿಗಳನ್ನೂ ಬೇರೆ ಅಪರಾಧಿಗಳನ್ನೂ ಹೊತ್ತು ಆಸ್ಟ್ರೇಲಿಯಾಕ್ಕೆ ಹೊರಟಿತು. ಆ ಖಂಡಕ್ಕೆ ಬ್ರಿಟನ್ ಕಳಿಸಿದ ಕೊನೆಯ ಕೈದಿ ಹಡಗು ಅದು. ಐರಿಷರಿಗೂ ಒಂದು ಕರಿನೀರಿತ್ತು ನೋಡಿ.

1868ರಲ್ಲಿ ಪ್ರಧಾನಿ ಡಿಸ್ರೇಲಿ ಮೇಯೋನನ್ನು ಭಾರತದ ವೈಸ್‌ರಾಯ್ ಮಾಡಿದ. ಮೇಯೋ ಇನ್ನೂ ದಾರಿಯಲ್ಲಿದ್ದಾಗಲೇ ಡಿಸ್ರೇಲಿ ಸರ್ಕಾರ ಬಿದ್ದು, ವಿರೋಧ ಪಕ್ಷದ ಗ್ಲ್ಯಾಡ್‌ಸ್ಟನ್ ಪ್ರಧಾನಿಯಾದ. ಆತ ಮನಸ್ಸು ಮಾಡಿದ್ದರೆ ವಾಪಸ್ ಕರೆಸಬಹುದಿತ್ತು, ಕರೆಸಲಿಲ್ಲ. 1869ರ ಜನವರಿ 12ರಂದು ಮೇಯೋ ಕಲ್ಕತ್ತೆಯಲ್ಲಿ ಅಧಿಕಾರ ವಹಿಸಿಕೊಂಡ.

ಕೆಲಸಗಾರನಾಗಿ ಮೇಯೋ ಗಟ್ಟಿಗ. ಬಂದಾಗ ಖಜಾನೆ ತೂತುಬಿದ್ದಿತ್ತು. ಖರ್ಚು ಕಡಿತ ಮಾಡಿದ. 1865ರಲ್ಲಿ ನಿಂತುಹೋಗಿದ್ದ ಆದಾಯ ತೆರಿಗೆಯನ್ನು 1869ರಲ್ಲಿ ಮತ್ತೆ ತಂದ, ಮುಂದೆ ದರವನ್ನೂ ಏರಿಸಿದ. ಜನ ಶಾಪ ಹಾಕಿದರು. ಪ್ರತಿ ಮಾರ್ಚಿಯಲ್ಲಿ ನಾವು ಹಾಕುವ ಶಾಪಕ್ಕೆ ಒಳ್ಳೇ ಪರಂಪರೆ ಇದೆ! ಅವನ ನಂತರ ಬಂದ ನಾರ್ತ್‌ಬ್ರೂಕ್ 1873ರಲ್ಲಿ ಆ ತೆರಿಗೆ ಎತ್ತಿಹಾಕಿದ. 1870ರ ಡಿಸೆಂಬರ್‌ನಲ್ಲಿ ಮೇಯೋ ಮಾಡಿದ ಇನ್ನೊಂದು ತೀರ್ಮಾನ ಮಾತ್ರ ಅಳಿಯದೆ ಉಳಿಯಿತು. ಅಲ್ಲಿಯವರೆಗೆ ಒಂದು ಪ್ರಾಂತ್ಯ ತನ್ನ ರಸ್ತೆಗೆ, ಶಾಲೆಗೆ, ಪೊಲೀಸಿಗೆ ಖರ್ಚು ಮಾಡಬೇಕಾದರೂ ಕೇಂದ್ರದ ಮುಂದೆ ಕೈಚಾಚಬೇಕಿತ್ತು. ಜೈಲು, ಪೊಲೀಸ್, ಶಿಕ್ಷಣ, ವೈದ್ಯಕೀಯ, ರಸ್ತೆ ಮುಂತಾದವಕ್ಕೆ ಪ್ರತಿ ಪ್ರಾಂತ್ಯಕ್ಕೂ ಇಂತಿಷ್ಟು ಅಂತ ಮೊತ್ತ ನಿಗದಿ ಮಾಡಿ, ನೀವೇ ನಿಭಾಯಿಸಿ ಅಂದ. ಕೇಂದ್ರ ಕೊಡೋದು ಸಾಲಲ್ಲ ಎಂಬ ರಾಜ್ಯಗಳ ಜಗಳಕ್ಕೆ ಅಲ್ಲಿಂದಲೇ ಬೇರು. ದೇಶದ ಮೊದಲ ಜನಗಣತಿ ನಡೆದದ್ದೂ ಅವನ ಕಾಲದಲ್ಲೇ. 1871ರಲ್ಲಿ ಮೈಸೂರು ಸೀಮೆಯಲ್ಲೂ ಮನೆಮನೆಗೆ ಹೋಗಿ ತಲೆ ಎಣಿಸಿದರು.

ಅದೇ 1871ರಲ್ಲಿ ಕೃಷಿಗೆ ಅಂತ ಒಂದು ಇಲಾಖೆ ತೆರೆದ. ಕೃಷಿ ಮೇಯೋಗೆ ಬರೀ ಫೈಲಿನ ವಿಷಯವಲ್ಲ, ಹಸು ಸಾಕಿ ಗೊತ್ತಿದ್ದ, ಬರಗಾಲ ಕಣ್ಣಾರೆ ಕಂಡಿದ್ದ. ಆದರೆ ಆ ಇಲಾಖೆಯ ಪೂರ್ತಿ ಹೆಸರು ನೋಡಿದರೆ ಅದರಲ್ಲಿ ಕಂದಾಯವೂ ಇತ್ತು, ವಾಣಿಜ್ಯವೂ ಇತ್ತು. ಕೆಲಸದಲ್ಲಿ ಕಂದಾಯವೇ ಗೆದ್ದಿತು. 1879ರಲ್ಲಿ ಇಲಾಖೆಯನ್ನೇ ಮುಚ್ಚಿದರು. ಮೇಯೋ ಒಬ್ಬ ಒಳ್ಳೆಯ ಜಮೀನ್ದಾರನ ಹಾಗೆ ದೇಶ ಆಳಲು ನೋಡಿದ ಅನ್ನಿಸುತ್ತದೆ ನನಗೆ. ಒಕ್ಕಲು ಸಾಯಬಾರದು, ಸರಿ. ಗೇಣಿಯೂ ನಿಲ್ಲಬಾರದು.

ಒಳ್ಳೇ ಜಮೀನ್ದಾರ ತನ್ನ ಆಸ್ತಿಯ ಮೂಲೆಮೂಲೆ ನೋಡುತ್ತಾನೆ ತಾನೆ? 1872ರ ಆರಂಭದಲ್ಲಿ ಬರ್ಮಾಕ್ಕೆ ಭೇಟಿ ಕೊಟ್ಟು, ವಾಪಸ್ ಬರುವಾಗ ಮೇಯೋ ಅಂಡಮಾನಿಗೆ ಹೋದ. 1857ರ ನಂತರ ಅಲ್ಲಿ ಕಟ್ಟಿದ ಕೈದಿಗಳ ವಸಾಹತಿನಲ್ಲಿ ಶಿಸ್ತು ಕೆಟ್ಟಿದೆ ಎಂಬ ದೂರಿತ್ತು. ಹೊಸ ನಿಯಮ ಮಾಡಿಸಿದ್ದ, ಡೊನಾಲ್ಡ್ ಸ್ಟುವರ್ಟ್ ಎಂಬ ಹೊಸ ಅಧಿಕಾರಿಯನ್ನು ನೇಮಿಸಿದ್ದ. ಈಗ ಕಣ್ಣಾರೆ ನೋಡಬೇಕಿತ್ತು.

ಫೆಬ್ರವರಿ 8. ಇಡೀ ದಿನ ಬಿಗಿ ಕಾವಲಿನಲ್ಲಿ ರಾಸ್, ವೈಪರ್ ದ್ವೀಪಗಳ ತಪಾಸಣೆ ಮುಗಿಯಿತು. ಸಂಜೆ ಇನ್ನೂ ಸ್ವಲ್ಪ ಬೆಳಕಿತ್ತು. ಎದುರಿಗೆ ಸಾವಿರ ಅಡಿಗೂ ಮೀರಿದ ಮೌಂಟ್ ಹ್ಯಾರಿಯಟ್ ಬೆಟ್ಟ. ಕಾಯಿಲೆಯ ಕೈದಿಗಳಿಗೆ ಅಲ್ಲಿ ಆರೋಗ್ಯಧಾಮ ಕಟ್ಟಬಹುದಾ ನೋಡೋಣ ಅಂತ ಹೊರಟ. ಮೇಲೆ ಹೋಗಿ ಸೂರ್ಯಾಸ್ತ ನೋಡಿದ. ಹಳೆಯ ಕೆಂಪು ಇಪ್ಪತ್ತು ರೂಪಾಯಿ ನೋಟಿನ ಹಿಂಬದಿಯಲ್ಲಿ ತೆಂಗಿನಮರ, ಸಮುದ್ರದ ಚಿತ್ರ ಇತ್ತಲ್ಲ? ಆ ನೋಟ ಕಾಣುವುದು ಇದೇ ಬೆಟ್ಟದಿಂದ. ಇಳಿಯುವಷ್ಟರಲ್ಲಿ ಕತ್ತಲಾಗಿತ್ತು. ಪಂಜು ಹಿಡಿದವರು ಮುಂದೆ. ಕೆಳಗೆ ಹೋಪ್‌ಟೌನ್ ಎಂಬ ಜೆಟ್ಟಿ. ಆಶಾನಗರ ಅನ್ನಿ ಬೇಕಾದರೆ. ದೋಣಿ ಹತ್ತಲು ಮೇಯೋ ಒಂದೆರಡು ಹೆಜ್ಜೆ ಮುಂದೆ ಹಾಕಿದ್ದೇ ತಡ, ಕತ್ತಲಿನಿಂದ ಒಬ್ಬ ನೆಗೆದು ಬೆನ್ನಿಗೆ ಎರಡು ಸಲ ಚಾಕು ಹಾಕಿದ. ಮೇಯೋ ನೀರಿಗೆ ಬಿದ್ದು ಎದ್ದ, ದೋಣಿಗೆ ಎತ್ತಿಕೊಂಡರು. ಹಡಗು ತಲುಪುವ ಮೊದಲೇ ಪ್ರಾಣ ಹೋಗಿತ್ತು. ಗ್ಲಾಸ್ಗೋ ಎಂಬ ಆ ಹಡಗಿನಲ್ಲಿ ಬ್ಲಾಂಚ್ ಮತ್ತು ಅತಿಥಿಗಳು ಊಟಕ್ಕೆ ಅವನ ದಾರಿ ಕಾಯುತ್ತಿದ್ದರು. ಇನ್ನು ಹದಿಮೂರು ದಿನ ಕಳೆದಿದ್ದರೆ ಅವನಿಗೆ ಐವತ್ತು ತುಂಬುತ್ತಿತ್ತು.

ಕೊಂದವನು ಶೇರ್ ಅಲಿ ಆಫ್ರಿದಿ. ಸನ್ನಡತೆಯ ಕೈದಿ ಅಂತ ಹೆಸರು ಪಡೆದು, ಕ್ಷೌರಿಕನ ಕೆಲಸ ಮಾಡಿಕೊಂಡಿದ್ದವನು. ಯಾರು ಹೇಳಿಕೊಟ್ಟರು ಅಂತ ಕೇಳಿದರೆ ದೇವರು ಅಂದ. ಇನ್ನೊಬ್ಬರ ಹೆಸರು ಹೇಳಲಿಲ್ಲ. ಮಾರ್ಚ್ 11ರಂದು ವೈಪರ್ ದ್ವೀಪದಲ್ಲಿ ಗಲ್ಲಿಗೇರಿಸಿದರು. ಅವನು ಸ್ವಾತಂತ್ರ್ಯ ಹೋರಾಟಗಾರನೋ, ವೈಯಕ್ತಿಕ ಸೇಡಿನವನೋ ಅಂತ ಇಂದಿಗೂ ವಾದ ನಡೆಯುತ್ತದೆ. ನನಗೆ ಕಾಡುವುದು ಬೇರೆ. ಅವನ ಮೇಲೆ ಕೇಸು ನಡೆದದ್ದು ಅವನ ಬೆಟ್ಟದ ನ್ಯಾಯದ ಪ್ರಕಾರ ಅಪರಾಧವೇ ಅಲ್ಲದ ಒಂದು ಹಗೆಗೆ. ಅವನನ್ನು ನೀರಿಲ್ಲದ ಬಂಡೆಗುಡ್ಡಗಳ ನಾಡಿನಿಂದ ಕಿತ್ತು ಸಮುದ್ರದ ನಡುವೆ ಎಸೆದಿದ್ದರು. ಹೂಗೊಮಾಂಟ್ ಹಡಗಿನಲ್ಲಿ ಹೋದವರನ್ನು ಎಸೆದ ಹಾಗೆ. ಇದರಿಂದ ಕೊಲೆ ನ್ಯಾಯವಾಗುವುದಿಲ್ಲ. ಆದರೆ ಜನರನ್ನು ಅವರ ಊರಿನಿಂದ ಕೀಳುವುದನ್ನೇ ಒಂದು ಶಿಕ್ಷೆ ಅಂತ ಮಾಡಿಕೊಂಡಿದ್ದ ಸಾಮ್ರಾಜ್ಯಕ್ಕೆ, ಊರಿನ ಬೆಲೆ ಎಷ್ಟು ಅಂತ ಚೆನ್ನಾಗಿಯೇ ಗೊತ್ತಿತ್ತು ಅನ್ನೋದಂತೂ ಖಚಿತ.

ಮೇಯೋ ಊರಿಗೆ ಮರಳಿದ. ಶವವನ್ನು ಅಷ್ಟು ದೂರ ಸಾಗಿಸಿ, ಪಾಮರ್ಸ್‌ಟೌನ್ ಮನೆಯ ಹತ್ತಿರವೇ ಇರುವ ಜಾನ್‌ಸ್ಟೌನ್ ಎಂಬ ಹಳ್ಳಿಯ ಪಾಳುಬಿದ್ದ ಹಳೇ ಚರ್ಚಿನ ಅಂಗಳದಲ್ಲಿ ಮಣ್ಣು ಮಾಡಿದರು. ದಾರಿಯಲ್ಲಿ ಕೆಡಬಾರದು ಅಂತ ರಮ್ಮಿನಲ್ಲಿ ಮುಳುಗಿಸಿ ತಂದರಂತೆ ಅನ್ನೋ ಮಾತು ಆ ಸೀಮೆಯಲ್ಲಿ ಹಬ್ಬಿ, 'ಉಪ್ಪಿನಕಾಯಿ ಅರ್ಲ್' ಎಂಬ ಅಡ್ಡಹೆಸರೂ ಬಿತ್ತು. ಐರಿಷರ ನಾಲಿಗೆ ಯಾರನ್ನೂ ಬಿಡುವುದಿಲ್ಲ.

ಆಮೇಲೆ ಶುರುವಾಯಿತು ಹೆಸರಿಡುವ ಸಂಭ್ರಮ. ಲಾಹೋರಿನಲ್ಲಿ ಮೇಯೋ ಕಲಾಶಾಲೆ, ಅದರ ಮೊದಲ ಪ್ರಿನ್ಸಿಪಾಲ್ ಲೇಖಕ ರುಡ್ಯಾರ್ಡ್ ಕಿಪ್ಲಿಂಗನ ಅಪ್ಪ. ಅಜ್ಮೀರಿನಲ್ಲಿ ರಾಜಕುಮಾರರಿಗಾಗಿ ಮೇಯೋ ಕಾಲೇಜು. 1883ರಲ್ಲಿ ನಮ್ಮ ಮೇಯೋ ಹಾಲ್. ಮದ್ರಾಸಿನಲ್ಲಿ ಮನೆತನದ ಇನ್ನೊಂದು ಹೆಸರು ಉಳಿಯಿತು. ಮೇಯೋನ ತಮ್ಮ ರಾಬರ್ಟ್ ಬರ್ಕ್ 1886ರಲ್ಲಿ ಅಲ್ಲಿನ ಗವರ್ನರ್ ಆಗಿ ಬಂದು, ಲಾರ್ಡ್ ಕಾನಮಾರಾ ಎಂಬ ಪದವಿ ಪಡೆದ. ಚೆನ್ನೈನ ಪ್ರಸಿದ್ಧ ಕಾನಮಾರಾ ಗ್ರಂಥಾಲಯ ಅವನದೇ ಹೆಸರಿನದು. ಅವನ ಹೆಂಡತಿ ಸೂಸನ್ ಹಿಂದಿನ ಗವರ್ನರ್ ಜನರಲ್ ಡಾಲ್‌ಹೌಸಿಯ ಮಗಳು. ಗಂಡನ ವ್ಯಭಿಚಾರ, ಕ್ರೌರ್ಯ ಎರಡನ್ನೂ ಕೋರ್ಟಿನಲ್ಲಿ ಎತ್ತಿ 1890ರಲ್ಲಿ ವಿಚ್ಛೇದನ ಪಡೆದಳು. ಆಗಿನ ಕಾಲಕ್ಕೆ ಅದೊಂದು ಬಾಂಬು. ಅದೇ ವರ್ಷ ರಾಬರ್ಟನ ಗವರ್ನರ್‌ಗಿರಿಯೂ ಮುಗಿಯಿತು. ಗ್ರಂಥಾಲಯದ ಹೆಸರು ಮಾತ್ರ ಹಾಗೇ ಇದೆ.

ಹೊರಗಡೆ ಇಷ್ಟೆಲ್ಲ ಕಲ್ಲುಕಟ್ಟಡ ಏಳುತ್ತಿದ್ದಾಗ ಊರಿನಲ್ಲಿ ಏನಾಗುತ್ತಿತ್ತು? ಸತ್ತ ವೈಸ್‌ರಾಯ್ ನೆನಪಿಗೆ ಸಾರ್ವಜನಿಕ ಚಂದಾ ಎತ್ತಿ ಪಾಮರ್ಸ್‌ಟೌನ್ ಮನೆಯನ್ನು ಹೊಸದಾಗಿ, ಭರ್ಜರಿಯಾಗಿ ಕಟ್ಟಿಕೊಟ್ಟರು. ಮಗ ಡರ್ಮಟ್ ಏಳನೇ ಅರ್ಲ್ ಆಗಿ ಅಲ್ಲಿ ನೆಲೆಸಿದ. ಆದರೆ ಗಾಳಿ ಬದಲಾಗಿತ್ತು. 1879ರಲ್ಲಿ ಗೇಣಿದಾರರ ದೊಡ್ಡ ಚಳವಳಿ ಹುಟ್ಟಿದ್ದು ಇವರ ಪದವಿಯ ಮೇಯೋ ಜಿಲ್ಲೆಯಲ್ಲೇ. ಮರುವರ್ಷ ಅಲ್ಲಿನ ಒಬ್ಬ ಜಮೀನ್ದಾರನ ಏಜೆಂಟನ ಜೊತೆ ಯಾರೂ ಮಾತಾಡಲಿಲ್ಲ, ಕೂಲಿಗೆ ಹೋಗಲಿಲ್ಲ, ಅಂಗಡಿಯಲ್ಲಿ ಸಾಮಾನು ಕೊಡಲಿಲ್ಲ. ಆ ಏಜೆಂಟನ ಹೆಸರು ಕ್ಯಾಪ್ಟನ್ ಬಾಯ್ಕಾಟ್. ಮೇಯೋ ಜಿಲ್ಲೆ ಜಗತ್ತಿಗೆ ಕೊಟ್ಟ ಪದ ಅದು, ಸ್ಯಾಂಡ್‌ವಿಚ್‌ನದಲ್ಲ.

ಡರ್ಮಟ್ ಅಪ್ಪನ ದಾರಿ ಹಿಡಿಯಲಿಲ್ಲ. ಲಂಡನ್ನಿನಲ್ಲಿ ದೊಡ್ಡ ಹುದ್ದೆ ಹುಡುಕಲಿಲ್ಲ. 1894ರಲ್ಲಿ ಐರಿಷ್ ಕುಶಲಕಲೆಗಳಿಗಾಗಿ ಒಂದು ಸಂಘ ಕಟ್ಟಿದ. ಅವನ ಹೆಂಡತಿ ಜೆರಾಲ್ಡಿನ್ ಕಸೂತಿ ಶಾಲೆ ನಡೆಸಿದಳು. 1902ರಲ್ಲಿ ಜಮೀನ್ದಾರರೂ ಗೇಣಿದಾರರ ನಾಯಕರೂ ಡಬ್ಲಿನ್ನಿನಲ್ಲಿ ಒಂದೇ ಮೇಜಿನ ಸುತ್ತ ಕೂತು ಮಾತಾಡಿದಾಗ, ಜಮೀನ್ದಾರರ ಕಡೆಯಿಂದ ಹೋದ ನಾಲ್ವರಲ್ಲಿ ಅವನೊಬ್ಬ. ಅದರ ಫಲ 1903ರ ಭೂ ಕಾನೂನು. ಜಮೀನ್ದಾರನಿಗೆ ಸರ್ಕಾರ ದುಡ್ಡು ಕೊಡುತ್ತದೆ, ಉಳುವವನು ಭೂಮಿಯ ಒಡೆಯನಾಗಿ ಸರ್ಕಾರಕ್ಕೆ ಸಣ್ಣ ಕಂತಿನಲ್ಲಿ 68 ವರ್ಷಕ್ಕೂ ಮೀರಿ ಸಾಲ ತೀರಿಸುತ್ತಾನೆ. ಇಪ್ಪತ್ತು ವರ್ಷದ ಹೋಮ್ ಲೋನಿಗೇ ನಾವು ನಿಟ್ಟುಸಿರು ಬಿಡ್ತೀವಿ! ಆ ಕಾನೂನು ತಂದ ಮಂತ್ರಿ ಜಾರ್ಜ್ ವಿಂಡಮ್, ಬ್ಲಾಂಚ್‌ಳ ತಮ್ಮನ ಮಗ. ಅಪ್ಪ ಕೂತಿದ್ದ ಅದೇ ಚೀಫ್ ಸೆಕ್ರೆಟರಿ ಕುರ್ಚಿಯಲ್ಲಿ ಈಗ ಸೋದರಮಾವನ ಮಗ. ಎಸ್ಟೇಟುಗಳು ಕರಗಿದ್ದು ಹೀಗೆ, ಮನೆಯವರ ಕೈಯಿಂದಲೇ, ಸ್ವಲ್ಪ ಮಟ್ಟಿಗೆ.

1922ರ ಡಿಸೆಂಬರ್‌ನಲ್ಲಿ ಐರಿಷ್ ಸ್ವತಂತ್ರ ರಾಜ್ಯ ಹುಟ್ಟಿತು. ಪ್ರಾಟೆಸ್ಟಂಟ್ ಹಳಬರಿಗೂ ಇಲ್ಲಿ ಜಾಗವಿದೆ ಅಂತ ತೋರಿಸಲು ಹೊಸ ಸರ್ಕಾರ ಅವರಲ್ಲಿ ಹಲವರನ್ನು ಸೆನೆಟ್ಟಿಗೆ ನೇಮಿಸಿತು. ಕವಿ ಯೇಟ್ಸ್ ಒಬ್ಬ, ಡರ್ಮಟ್ ಇನ್ನೊಬ್ಬ. ಎಪ್ಪತ್ತು ದಾಟಿದ ಮುದುಕ, ವೈಸ್‌ರಾಯ್ ಮಗ, ಸ್ವತಂತ್ರ ಐರ್ಲೆಂಡಿನ ಸೆನೆಟರ್. ಆದರೆ ದೇಶ ಆಗ ಅಂತರ್ಯುದ್ಧದಲ್ಲಿತ್ತು. ಬ್ರಿಟನ್ ಜೊತೆ ಮಾಡಿಕೊಂಡ ಒಪ್ಪಂದವನ್ನು ಒಪ್ಪದ ಗಣರಾಜ್ಯವಾದಿಗಳು ಸೆನೆಟರುಗಳ ಮನೆಗಳನ್ನು ಗುರಿ ಮಾಡಿದರು. 1923ರ ಜನವರಿ 29ರ ರಾತ್ರಿ ಪಾಮರ್ಸ್‌ಟೌನ್ ಉರಿದುಹೋಯಿತು.

ಯೋಚಿಸಿ. ಐರ್ಲೆಂಡನ್ನು ಮೂರು ಸಲ ಆಳಿ ಫೀನಿಯನ್ನರನ್ನು ಜೈಲಿಗೆ ತುಂಬಿದ ಅಪ್ಪನ ಕಾಲದಲ್ಲಿ ಆ ಮನೆಗೆ ಯಾರೂ ಬೆಂಕಿ ಇಡಲಿಲ್ಲ. ಉರಿದದ್ದು ಮಗ ಹೊಸ ಐರ್ಲೆಂಡಿಗೆ ಸೇರಲು ಒಪ್ಪಿಕೊಂಡಾಗ. ಸಹಕಾರ ಚಳವಳಿ ಕಟ್ಟಿದ ಸೆನೆಟರ್ ಹೊರೇಸ್ ಪ್ಲಂಕೆಟ್‌ನ ಮನೆಯೂ ಅದೇ ದಿನಗಳಲ್ಲಿ ನಾಶವಾಯಿತು. ಆತ ಮನಸ್ಸು ಮುರಿದು ಇಂಗ್ಲೆಂಡಿಗೆ ಹೊರಟುಹೋದ. ಡರ್ಮಟ್ ಹೋಗಲಿಲ್ಲ. ಸೆನೆಟ್ ಸೀಟನ್ನೂ ಬಿಡಲಿಲ್ಲ. 1927ರ ಕೊನೆಯಲ್ಲಿ ಸಾಯುವವರೆಗೂ ಅದರ ಸದಸ್ಯನಾಗಿಯೇ ಇದ್ದ. ಮನೆಯನ್ನು ಮತ್ತೆ ಕಟ್ಟಲಾಯಿತು.

ಈಗ ಗೆಳೆಯನ ಪ್ರಶ್ನೆಗೆ ಬರುತ್ತೇನೆ. ಎಷ್ಟು ವರ್ಷ ಇದ್ದರೆ ಒಬ್ಬ ಒಂದು ಊರಿನವನಾಗುತ್ತಾನೆ? ಹತ್ತು ವರ್ಷದಿಂದ ಬೆಂಗಳೂರಿನಲ್ಲಿದ್ದೀನಿ, ಇನ್ನೂ ಹೊರಗಿನವನಾ ಅಂತ ನನ್ನ ಗೆಳೆಯನೂ ಆಗಾಗ ಕೇಳುತ್ತಿರುತ್ತಾನೆ. ಬರ್ಕ್ ಮನೆತನದ ಲೆಕ್ಕ ನೋಡಿದರೆ ಏಳುನೂರು ವರ್ಷವೂ ಸಾಲದೇ ಹೋಗಬಹುದು. ಅದೇ ಏಳುನೂರು ವರ್ಷದ ಇನ್ನೊಬ್ಬ ಬರ್ಕ್‌ನನ್ನು, ಗಲ್ಲಿನ ಹಗ್ಗದಿಂದ ತಪ್ಪಿಸಿಕೊಂಡವನನ್ನು, ಯಾರೂ ಯಾವ ಊರು ಅಂತ ಕೇಳಲಿಲ್ಲ. ಹಾಗಾದರೆ ಲೆಕ್ಕ ವರ್ಷದ್ದಲ್ಲ. ಊರಿಗೆ ಕಷ್ಟ ಬಂದಾಗ ಬಾಗಿಲಿನ ಯಾವ ಕಡೆ ನಿಂತಿದ್ದೆ ಅನ್ನೋದರದ್ದು. ಮೇಯೋ ಒಳ್ಳೆಯ ಮನುಷ್ಯನೇ ಇರಬಹುದು, ಬರಗಾಲದಲ್ಲಿ ದುಡಿದವನು, ಕಾಯಿಲೆಯ ಕೈದಿಗಳಿಗೆ ಆರೋಗ್ಯಧಾಮದ ಜಾಗ ನೋಡಲು ಬೆಟ್ಟ ಹತ್ತಿದವನು. ಆದರೆ ಎರಡು ದೇಶಗಳಲ್ಲೂ ಅವನು ನಿಂತದ್ದು ಬೀಗದ ಕೈ ಹಿಡಿದ ಕಡೆ. ಮಗ ಇನ್ನೊಂದು ಕಡೆಗೆ ದಾಟಲು ನೋಡಿದ, ಅದಕ್ಕೆ ಮನೆಯನ್ನೇ ತೆತ್ತ, ಆದರೂ ಉಳಿದ. ಅಪ್ಪನಿಗಿಂತ ಮಗನನ್ನು ಐರ್ಲೆಂಡಿನವನು ಅಂತ ಕರೆಯುವುದು ನನಗೆ ಸುಲಭ. ಕಟ್ಟಡಗಳಿಗೆ ಮಾತ್ರ ಅಪ್ಪನ ಹೆಸರಿದೆ.

2021ರಲ್ಲಿ ಮೌಂಟ್ ಹ್ಯಾರಿಯಟ್ ಹೆಸರನ್ನು ಮೌಂಟ್ ಮಣಿಪುರ ಅಂತ ಬದಲಾಯಿಸಿದರು, 1891ರ ಯುದ್ಧದ ನಂತರ ಅಲ್ಲಿಗೆ ಗಡೀಪಾರಾದ ಮಣಿಪುರದವರ ನೆನಪಿಗೆ. ಮೇಯೋ ಹಾಲ್ ಇನ್ನೂ ಮೇಯೋ ಹಾಲ್. ಅದರ ಮೇಲಿನ ಅಂತಸ್ತಿನಲ್ಲಿ ಈಗ ಕೆಂಪೇಗೌಡ ಮ್ಯೂಸಿಯಂ ಇದೆ. ಹೊರಗಿನ ಬೋರ್ಡಿನ ಮೇಲೆ ಒಬ್ಬ, ಒಳಗೆ ಮೆಟ್ಟಿಲು ಹತ್ತಿದರೆ ಊರು ಕಟ್ಟಿದವನು. ಬದಲಾಯಿಸಬೇಕಾ ಬೇಡವಾ ಅನ್ನೋ ಜಗಳಕ್ಕೆ ನಾನು ಹೋಗಲ್ಲ. ಹೆಸರು ಯಾರದು ಅಂತ ಗೊತ್ತಿದ್ದು ಇಟ್ಟುಕೊಳ್ಳುವುದಕ್ಕೂ, ಸ್ಯಾಂಡ್‌ವಿಚ್ ಅಂದುಕೊಂಡು ಇಟ್ಟುಕೊಳ್ಳುವುದಕ್ಕೂ ವ್ಯತ್ಯಾಸ ಇದೆ, ಅಷ್ಟೇ.

ಗೆಳೆಯ ಅವತ್ತು ಹೊರಗೆ ಬಂದಾಗ ಮುಖ ಸಪ್ಪಗಿತ್ತು. "ಏನಾಯ್ತು?" ಅಂದೆ. "ಇನ್ನೇನು, ಮುಂದಿನ ಡೇಟ್ ಕೊಟ್ಟರು," ಅಂದ. "ಸರಿ ಬಾ, ಕಾಫಿ ಕುಡಿಯುತ್ತಾ ನಿನ್ನ ಮೇಯೋ ಊರು ಯಾವುದು ಅಂತ ಹೇಳ್ತೀನಿ," ಅಂದೆ. ಎರಡು ಕಾಫಿ ಮುಗಿದರೂ ಕತೆ ಅಂಡಮಾನು ದಾಟಿರಲಿಲ್ಲ.